ತಮ್ಮನ ಬಾಯಿ ಕೆಂಪಾದ ದಿನ

ನಾನು ಚಿಕ್ಕವಳಿದ್ದಾಗ ನಮ್ಮ ಮನೆಯ ಮಕ್ಕಳು ಹೆದರುತ್ತಿದ್ದುದು ಎರಡಕ್ಕೇ: ಒಂದು ಹಾವಿಗೆ, ಇನ್ನೊಂದು ಅಪ್ಪನಿಗೆ. ತೆಲುಗು ಸೀಮೆಯ ಗಡಿಯಲ್ಲಿ, ಹೊಳಗುಂದದಿಂದ ಆಚೆ, ಕರಿಮಣ್ಣಿನ ಹೊಲಗಳ ನಡುವೆ ನಮ್ಮೂರು. ನಮ್ಮದು ಕುರಿ ಸಾಕುವ ಮನೆ. ಕುರಿಹಟ್ಟಿಯ ಸುತ್ತ ಆಳೆತ್ತರದ ಪಾಪಾಸುಕಳ್ಳಿ ಬೇಲಿಯಿತ್ತು. ಚಳಿ ಕಡಿಮೆಯಾಗುವ ಹೊತ್ತಿಗೆ ಅದರ ತುಂಬ ಕಡುಗೆಂಪು ಹಣ್ಣು. ನೋಡಿದರೆ ಬಾಯಲ್ಲಿ ನೀರೂರುತ್ತಿತ್ತು, ಆದರೆ ಯಾರೂ ಮುಟ್ಟುತ್ತಿರಲಿಲ್ಲ. ಅದು ವಿಷ, ತಿಂದರೆ ಸಾಯುತ್ತೀರಿ ಎಂದು ದೊಡ್ಡವರು ನಮ್ಮನ್ನು ಹೆದರಿಸಿದ್ದರು. ಅವರನ್ನು ಅವರ ದೊಡ್ಡವರು ಹೆದರಿಸಿದ್ದರು. ಕಳ್ಳಿಯ ಬುಡದಲ್ಲಿ ಹಾವುಗಳಿರುತ್ತವೆ, ಮಕ್ಕಳು ಆ ಕಡೆ ಸುಳಿಯದಿರಲಿ ಎಂದು ಹಿಂದೆ ಯಾರೋ ಕಟ್ಟಿದ ಸುಳ್ಳಿರಬೇಕು. ಊರಿಗೆ ಊರೇ ಅದನ್ನು ನಂಬಿತ್ತು.

ಆ ದಿನ ಮಧ್ಯಾಹ್ನ ಅವ್ವ ಮತ್ತು ನಾನು ಅಂಗಳದಲ್ಲಿ ಕೂತು ಹತ್ತಿಯಲ್ಲಿದ್ದ ಕಸ ಆರಿಸುತ್ತಿದ್ದೆವು. ಹಟ್ಟಿಯ ಹಿಂದೆ ಕುರಿಮರಿಗಳ ಜೊತೆ ಆಡುತ್ತಿದ್ದ ತಮ್ಮ ಕುಂಟುತ್ತಾ ಅಳುತ್ತಾ ಬಂದ. ಐದು ವರ್ಷದ ಹುಡುಗ. ಅವನ ತುಟಿ, ಗಲ್ಲ, ಅಂಗಿಯ ಎದೆ ಎಲ್ಲಾ ಕೆಂಪು. ಪಾದದ ಮೇಲೆ ಚುಚ್ಚಿದ ಗುರುತು, ಅಲ್ಲಿ ರಕ್ತದ ಹನಿ.

"ಏನಾತೋ ನನ ಕಂದಾ? ಏನಾರ ತಿಂದೇನು?" ಅಂದಳು ಅವ್ವ.

ತಮ್ಮ ತಲೆ ಅಲ್ಲಾಡಿಸಿ ಇಲ್ಲ ಅಂದ. ನಾಲಿಗೆ ಹೊರಗೆ ಚಾಚಿ ಜೊಲ್ಲು ಸುರಿಸುತ್ತಿದ್ದ.

ಅಷ್ಟರಲ್ಲಿ ಅಪ್ಪ ಬಂದರು. "ಹಾವು ಕಡೀತೇನಲೇ?" ಎಂದು ಗದರಿದಂತೆ ಕೇಳಿದರು. ತಮ್ಮ ಅಪ್ಪನ ಮುಖವನ್ನೊಮ್ಮೆ ನೋಡಿ ಹೂಂ ಎಂದು ತಲೆಯಾಡಿಸಿದ. ಅಷ್ಟು ಸಾಲದೆಂಬಂತೆ ಗೋಡೆಯ ಪಕ್ಕ ನಿಂತು ಒಂದಕ್ಕೆ ಮಾಡಿದ, ಅದೂ ಕೆಂಪು! ಅವ್ವ ಎದೆ ಎದೆ ಬಡಿದುಕೊಂಡಳು. ಹಿಂದಿನ ವರ್ಷ ನಮ್ಮ ಓಣಿಯಲ್ಲಿ ಹಾವು ಕಡಿದು ಸತ್ತವನಿಗೂ ಒಸಡಿನಲ್ಲಿ ರಕ್ತ, ಉಚ್ಚೆಯಲ್ಲಿ ರಕ್ತ ಬಂದಿತ್ತು. ಅದನ್ನು ನಾವೆಲ್ಲರೂ ಕಣ್ಣಾರೆ ಕಂಡಿದ್ದೆವು.

ಪಕ್ಕದ ಮನೆಯಿಂದ ದೊಡ್ಡಪ್ಪ ಓಡಿ ಬಂದರು. ನಮ್ಮದೇ ಕುರಿಯ ಉಣ್ಣೆಯಿಂದ ಹೊಸೆದ ಹುರಿಯನ್ನು ತಮ್ಮನ ಮೊಣಕಾಲಿನ ಕೆಳಗೆ ಸುತ್ತಿ ಜಗ್ಗಿ ಬಿಗಿದರು. ಆಮೇಲೆ ಬೇವಿನ ಎಲೆ ತಂದು ಬಾಯಿಗೆ ತುರುಕಿದರು. ವಿಷ ಏರಿದ್ದರೆ ಬೇವು ಕಹಿಯಾಗುವುದಿಲ್ಲ ಎಂಬುದು ನಮ್ಮ ಕಡೆಯ ನಂಬಿಕೆ.

"ಕಹಿ ಅನಸ್ತೈತೇನು?"

ತಮ್ಮ ಇಲ್ಲ ಅಂದ.

ಅಪ್ಪ ರಸ್ತೆಗೆ ಓಡಿ, ಹತ್ತಿ ತುಂಬಿಕೊಂಡು ಆದೋನಿಗೆ ಹೊರಟಿದ್ದ ಲಾರಿಗೆ ಅಡ್ಡ ನಿಂತರು. ನಾವು ಹತ್ತಿಯ ಮೂಟೆಗಳ ಮೇಲೆ ಹತ್ತಿ ಕೂತೆವು. ತಮ್ಮ ನಿದ್ದೆ ಹೋಗದಂತೆ ನೋಡಿಕೊಳ್ಳುವುದು ನನ್ನ ಕೆಲಸ. ಕಣ್ಣು ಮುಚ್ಚಿದರೆ ಚಿವುಟಬೇಕು. ಅಷ್ಟು ಮುದ್ದಿನ ತಮ್ಮನನ್ನು ಚಿವುಟುವುದೆಂದರೆ ನನಗೇ ಅಳು. ಬಿಸಿಲು ಸುಡುತ್ತಿತ್ತು, ಹತ್ತಿಯ ನವಿರು ಮೂಗಿಗೆ ಹೋಗಿ ಉಸಿರು ಕಟ್ಟುತ್ತಿತ್ತು. ತಮ್ಮ ನನ್ನ ಕಿವಿಯ ಹತ್ತಿರ ಬಂದು, "ಅಕ್ಕಾ, ನಾ ಸಾಯ್ತೀನಿ" ಎಂದ. ತೊದಲುತ್ತಿದ್ದರೂ ಖಚಿತವಾಗಿ ಗೊತ್ತಿದ್ದವನ ಹಾಗೆ ಹೇಳಿದ. ಅವನ ಪಾದ ಮುಟ್ಟಿದೆ. ಬಾವಿಯ ಕಲ್ಲಿನಷ್ಟು ತಣ್ಣಗಿತ್ತು, ಬೆರಳು ನೀಲಿಯಾಗಿದ್ದವು.

"ಹುರಿ ಸಡ್ಲ ಮಾಡ್ರಿ ದೊಡ್ಡಪ್ಪಾ" ಎಂದು ಬೇಡಿಕೊಂಡೆ.

"ಸಡ್ಲ ಮಾಡಿದ್ರ ವಿಷ ಎದಿಗೆ ಏರ್ತೈತಿ, ಸುಮ್ನ ಕುಂದ್ರು" ಅಂದರು.

ಆದೋನಿಗೆ ಹೋಗುವ ದಾರಿಯಲ್ಲಿ ಕ್ರೈಸ್ತ ಸನ್ಯಾಸಿನಿಯರ ಪುಟ್ಟ ಆಸ್ಪತ್ರೆಯಿತ್ತು, ಅಲ್ಲೇ ಇಳಿದೆವು. ಅಲ್ಲಿದ್ದ ಸಿಸ್ಟರಮ್ಮ ಮೆಕ್ಸಿಕೋ ಎಂಬ ದೇಶದವರಂತೆ. ಪರದೇಶದವರೆಂದರೆ ಬಿಳಿಯರೇ ಎಂದುಕೊಂಡಿದ್ದೆ. ಇವರ ಮೈಬಣ್ಣ ನಮ್ಮವ್ವನದೇ. ಮಾತು ಮಾತ್ರ ಮುರುಕು ತೆಲುಗು. ಅವರು ತಮ್ಮನ ಬಾಯಿ ತೆರೆಸಿ ಬ್ಯಾಟರಿ ಬಿಟ್ಟು ನೋಡಿದರು. ಚಿಮಟಿಗೆಯಿಂದ ನಾಲಿಗೆಯ ಮೇಲಿಂದ ಏನನ್ನೋ ಕಿತ್ತು ಕಿಟಕಿಯ ಬೆಳಕಿಗೆ ಹಿಡಿದರು. ಅವನ ಬೆರಳುಗಳನ್ನು ಮೂಸಿದರು. ಅವರ ಮುಖದಲ್ಲಿ ಏನೋ ಹೊಳೆದಂತಾಯಿತು. ಆದರೂ ಸೂಜಿಯಿಂದ ತಮ್ಮನ ತೋಳಿನ ರಕ್ತ ತೆಗೆದು ಗಾಜಿನ ನಳಿಕೆಯಲ್ಲಿ ಬಿಟ್ಟು ಮೇಜಿನ ಮೇಲೆ ನಿಲ್ಲಿಸಿದರು.

"ಆಗಂಡಿ" ಅಂದರು. ತಾಳಿ ಎಂದರ್ಥ. ರಕ್ತ ಹೆಪ್ಪುಗಟ್ಟಿದರೆ ಹಾಗೆ ರಕ್ತ ಸುರಿಸುವ ಹಾವಿನ ವಿಷವಿಲ್ಲ, ನೀರಾಗಿಯೇ ಉಳಿದರೆ ಇದೆ. ತೆಲುಗು ಚೆನ್ನಾಗಿ ಬಲ್ಲ ಅಪ್ಪ ಅವ್ವನಿಗೆ ಹಾಗೆಂದು ತಿಳಿಸಿದರು. ಇನ್ನೂ ಒಂದು ಮಾತನ್ನು ಅಪ್ಪ ತಡವರಿಸುತ್ತಾ ಹೇಳಿದರು. ಇನ್ನು ಹೆಚ್ಚು ಹೊತ್ತು ಹುರಿ ಹೀಗೇ ಇದ್ದರೆ ಕಾಲು ಉಳಿಯುವುದಿಲ್ಲ, ವಿಷವಿದ್ದು ಹುರಿ ಬಿಚ್ಚಿದರೆ ಜೀವ ಉಳಿಯುವುದಿಲ್ಲ.

ಆ ಕಾಯುವಿಕೆಯನ್ನು ನಿಮಗೆ ಹೇಗೆ ಹೇಳಲಿ ಮಕ್ಕಳೇ! ಗೋಡೆಯ ಗಡಿಯಾರ ಟಕ್ ಟಕ್ ಎನ್ನುತ್ತಿತ್ತು. ಅವ್ವ ಕಂಡ ಕಂಡ ದೇವರಿಗೆ ಹರಕೆ ಹೊರುತ್ತಿದ್ದಳು. ನಾನು ನಳಿಕೆಯಿಂದ ಕಣ್ಣು ಕೀಳಲಿಲ್ಲ. ನನ್ನ ಉಸಿರು ತಗುಲಿ ಅದು ಅಲುಗೀತೆಂದು ಬಾಯಿಗೆ ಕೈ ಅಡ್ಡ ಹಿಡಿದಿದ್ದೆ. ಕೊನೆಗೆ ಸಿಸ್ಟರಮ್ಮ ನಳಿಕೆಯನ್ನು ಎತ್ತಿ ನಿಧಾನವಾಗಿ ಬಗ್ಗಿಸಿದರು. ರಕ್ತ ಹರಿಯಲಿಲ್ಲ. ಪೂರ್ತಿ ತಲೆಕೆಳಗು ಮಾಡಿದರು. ಆಗಲೂ ಹರಿಯಲಿಲ್ಲ.

ಮರುಕ್ಷಣವೇ ಕತ್ತರಿ ತಂದು ಹುರಿ ಕತ್ತರಿಸಿದರು. ನೆಲಕ್ಕೆ ಮಂಡಿಯೂರಿ ತಮ್ಮನ ಕಾಲನ್ನು ಮಡಿಲಲ್ಲಿಟ್ಟುಕೊಂಡು ಕಾದರು. ಎಷ್ಟೋ ಹೊತ್ತಾದ ಮೇಲೆ ಬೆರಳ ತುದಿಗಳಿಗೆ ಕೆಂಪು ತಿರುಗಿತು. ತಮ್ಮ "ಜುಮ್ಮಂತೈತಿ" ಎಂದು ಚೀರಿದ. ಸಿಸ್ಟರಮ್ಮ ಆಗ ನಕ್ಕು, "ನಾಗಜೆಮುಡು ಪಂಡು!" ಅಂದರು. ತೆಲುಗಿನಲ್ಲಿ ಪಾಪಾಸುಕಳ್ಳಿ ಹಣ್ಣಿಗೆ ಹಾಗೆನ್ನುತ್ತಾರೆ.

ಗುಟ್ಟು ಬಯಲಾಯಿತೆಂದು ತಮ್ಮ ಇನ್ನೂ ಜೋರಾಗಿ ಅತ್ತ. "ಹೂಂ, ಭಾಳ ತಿಂದೀನಿ, ನಾ ಸಾಯ್ತೀನಿ. ಅಪ್ಪಾ, ಹೊಡೀಬ್ಯಾಡ!" ಎಂದ. ಪಾದದ ಮೇಲಿದ್ದುದು ಕಳ್ಳಿಮುಳ್ಳಿನ ಗುರುತು. ಬಾಯಿಯೂ ಉಚ್ಚೆಯೂ ಕೆಂಪಾದದ್ದು ಹಣ್ಣಿನ ರಸದಿಂದ. ಸಿಪ್ಪೆಯ ಮೇಲಿನ ನವಿರು ಮುಳ್ಳು ನಾಲಿಗೆಯ ತುಂಬ ಚುಚ್ಚಿ, ಪಾಪ, ಬೇವಿನ ರುಚಿ ಎಲ್ಲಿಂದ ತಿಳಿಯಬೇಕು?

ಸಿಸ್ಟರಮ್ಮ ಒಂದೊಂದಾಗಿ ಮುಳ್ಳು ಕೀಳುತ್ತಾ ತಮ್ಮೂರಿನ ಕಥೆ ಹೇಳಿದರು. ಅಲ್ಲಿ ಅದಕ್ಕೆ ಟೂನಾ ಎನ್ನುತ್ತಾರಂತೆ, ಬುಟ್ಟಿಯಲ್ಲಿಟ್ಟು ಸಂತೆಯಲ್ಲಿ ಮಾರುತ್ತಾರಂತೆ. ಅವರವ್ವ ಚಾಕುವಿನಿಂದ ಸಿಪ್ಪೆ ಸೀಳಿ ಮಕ್ಕಳ ಬಾಯಿಗಿಡುತ್ತಿದ್ದರಂತೆ. ಬಹಳ ಹಿಂದೆ ಅವರ ಕಡೆಯ ಜನ ನೆಲೆಯಿಲ್ಲದೆ ಅಲೆಯುತ್ತಿದ್ದಾಗ, ಹದ್ದೊಂದು ಕಳ್ಳಿಯ ಮೇಲೆ ಕೂತು ಹಾವನ್ನು ತಿನ್ನುವುದು ಕಂಡಲ್ಲಿ ಊರು ಕಟ್ಟಿರೆಂದು ದೇವರು ಹೇಳಿತ್ತಂತೆ. ಅವರ ಬಾವುಟದಲ್ಲಿ ಇವತ್ತಿಗೂ ಆ ಹದ್ದು, ಹಾವು, ಕಳ್ಳಿ ಇವೆ. ದೊಡ್ಡಪ್ಪ ಕೈಮುಗಿದು, "ನಿಮ್ಮ ದೇಶದಾಗೂ ಗರುಡ ಅದಾನೇನವ್ವಾ?" ಎಂದರು. ಕಳ್ಳಿಯ ಜೊತೆಗೆ ಮೆಣಸಿನಕಾಯಿಯೂ ಆ ಸೀಮೆಯಿಂದಲೇ ಹಡಗು ಹತ್ತಿ ನಮ್ಮಲ್ಲಿಗೆ ಬಂದದ್ದೆಂದಾಗ ಅವ್ವ ಮಾತ್ರ ಸುತರಾಂ ಒಪ್ಪಲಿಲ್ಲ.

ಅಪ್ಪ ಇದ್ಯಾವುದನ್ನೂ ಕೇಳುತ್ತಿರಲಿಲ್ಲ. ತಮ್ಮನ ಮೊಣಕಾಲಿನ ಕೆಳಗೆ ಹುರಿ ಬಿಟ್ಟುಹೋದ ಬಾಸುಂಡೆಯನ್ನೇ ನೋಡುತ್ತಿದ್ದರು. "ನನಗ ಅಂಜಿ ಹೇಳಲಿಲ್ಲೇನೋ?" ಎಂದವರೇ ನೆಲದ ಮೇಲೆ ಕುಸಿದು ಕೂತು, ಟವೆಲಿನಲ್ಲಿ ಮುಖ ಮುಚ್ಚಿಕೊಂಡು ಬಿಕ್ಕಿ ಬಿಕ್ಕಿ ಅತ್ತರು. ಅಪ್ಪ ಅತ್ತದ್ದನ್ನು ನಾನು ಅದೇ ಮೊದಲು ನೋಡಿದ್ದು. ನನಗೆ ಅಪ್ಪನ ಮೇಲೆ ಪ್ರೀತಿ ಹುಟ್ಟಿದ್ದೂ ಅವತ್ತೇ ಇರಬೇಕು.

ಮಕ್ಕಳೇ, ನಿಮ್ಮದು ಬೇರೆಯೇ ಲೋಕ. ಫೋನು ಮಾಡಿದರೆ ಬಾಗಿಲಿಗೇ ಆಂಬುಲೆನ್ಸ್ ಬರುತ್ತದೆ, ಮೆಕ್ಸಿಕೋ ಎಲ್ಲಿದೆ ಎಂದರೆ ಗಾಜಿನ ಮೇಲೆ ಬೆರಳಾಡಿಸಿ ತೋರಿಸುತ್ತೀರಿ. ಇರಲಿ, ಒಳ್ಳೆಯದೇ. ಆದರೆ ನನಗೆ ನಿಮ್ಮ ಲೋಕ ನಿಜವಾಗಿ ಹಿಡಿಸಿದ್ದು ಮೊನ್ನೆ. ನಿಮ್ಮಲ್ಲಿ ಎಲ್ಲರಿಗಿಂತ ಚಿಕ್ಕವಳು ನನ್ನ ಕನ್ನಡಕ ತುಳಿದು ಮುರಿದಳು. ಎರಡು ಚೂರನ್ನೂ ಕೈಯಲ್ಲಿ ಹಿಡಿದು, ಮನೆಮಂದಿಯೆಲ್ಲಾ ಕೂತಿದ್ದಲ್ಲಿಗೆ ಬಂದು, "ಅಜ್ಜಿ, ನಾನೇ ಮುರದೀನಿ" ಅಂದಳು. ಹಾಗಂದು ಅವರಪ್ಪನ ತೊಡೆಯ ಮೇಲೇ ಹೋಗಿ ಕೂತಳು.