ಮುಟ್ಟಲೇನ್ರಿ ಎಂದು ಕೇಳಿದ ಕಲಾವಿದೆ

ಎರಡು ವರ್ಷದ ಹಿಂದಿನ ಬೇಸಿಗೆ. ಪುಣೆಯ ಖರಾಡಿಯ ಕಚೇರಿಯೊಂದರಲ್ಲಿ ಕೆಲಸ ಮಾಡುವ ನಾನು, ಒಂದು ಶನಿವಾರ ಸಹೋದ್ಯೋಗಿ ಸ್ನೇಹಲ್ ಜೊತೆ ಹತ್ತಿರದ ಸಣ್ಣ ಆರ್ಟ್ ಗ್ಯಾಲರಿಗೆ ಹೋಗಿದ್ದೆ. "ನಾಟಕವೂ ಅಲ್ಲ, ಡ್ಯಾನ್ಸೂ ಅಲ್ಲ, ಬಂದು ನೋಡು" ಎಂದಷ್ಟೇ ಅವಳು ಹೇಳಿದ್ದಳು.

ಒಳಗೆ ಕಾಲಿಟ್ಟವಳು ಬಾಗಿಲಲ್ಲೇ ನಿಂತುಬಿಟ್ಟೆ. ಹಾಲ್‌ನ ನಡುವೆ ಸ್ಟೂಲಿನ ಮೇಲೆ ನಲವತ್ತರ ಆಸುಪಾಸಿನ ಕಲಾವಿದೆ ರೇವತಿ ಕೂತಿದ್ದರು. ತೋಳಿಲ್ಲದ ರವಿಕೆ. ಮುಖ, ಕುತ್ತಿಗೆ, ಎರಡೂ ತೋಳುಗಳ ತುಂಬ ತೊನ್ನಿನ ಬಿಳಿ ಕಲೆಗಳು.

ನನಗೂ ಮೊಣಕೈ ಸುತ್ತ ಅದೇ ಇದೆ. ಬಾಣಂತನದ ನಂತರ ಶುರುವಾದದ್ದು. ಎಂಥ ಸೆಕೆಯಲ್ಲೂ ಉದ್ದ ತೋಳಿನ ಕುರ್ತಾ ಹಾಕುತ್ತಿದ್ದೆ. ಸ್ನೇಹಲ್‌ಗೂ ಗೊತ್ತಿರಲಿಲ್ಲ.

ರೇವತಿಯವರ ಪಕ್ಕದಲ್ಲಿ ನೀಲಿ ಬಣ್ಣದ ಬಟ್ಟಲು, ಒಂದು ಕುಂಚ. ಬಂದವರು ಅವರ ಮೈಮೇಲಿನ ಒಂದು ಕಲೆಯ ಅಂಚಿಗೆ ಗೆರೆ ಎಳೆದು, ಅದು ಏನಾಗಿ ಕಾಣುತ್ತದೆಂದು ಹೇಳಬೇಕು. ಒಬ್ಬ ಹುಡುಗಿ ಮೋಡ ಎಂದಳು. ಇನ್ನೊಬ್ಬರು ದ್ವೀಪ ಎಂದರು. ಆಗ ವಯಸ್ಸಾದ ಒಬ್ಬರು ಕುಂಚ ತೆಗೆದುಕೊಳ್ಳಲು ಹೊರಟ ಹೆಂಡತಿಯ ಕೈ ಹಿಡಿದೆಳೆದು, "ಹಾತ್ ಲಾವೂ ನಕೋಸ್" ಎಂದರು, ಮುಟ್ಟಬೇಡ ಎಂದು. ಎಲ್ಲರಿಗೂ ಕೇಳಿಸಿತು.

ರೇವತಿ ಅಲುಗಾಡಲಿಲ್ಲ. ಮರಾಠಿಯಲ್ಲೇ, "ಕಾಕಾ, ಇದು ಅಂಟೋದಿಲ್ಲ. ಭಯ ಅನ್ನಿಸಿದರೆ ದೂರದಿಂದಲೇ ನೋಡಿ ಹೇಳಿ" ಎಂದರು. ದನಿಯಲ್ಲಿ ಸಿಟ್ಟೇ ಇರಲಿಲ್ಲ.

"ಅಯ್ಯ ನಮ್ಮವ್ವ, ಏನ್ ಧೈರ್ಯ ಇಕೀದು!" ನನಗರಿವಿಲ್ಲದೆ ಬಾಯಿಂದ ಬಂತು.

ಅವರು ತಟ್ಟನೆ ತಿರುಗಿದರು. "ಕನ್ನಡದವ್ರೇನ್ರಿ? ನಾವು ಕಲಬುರ್ಗಿ ಕಡೀದವ್ರು. ಬರ್ರಿ ಅಕ್ಕಾರ."

ಹೋಗಿ ಕುಂಚ ಹಿಡಿದೆ. ಏನಾಯಿತೋ, ಕುಂಚ ಕೆಳಗಿಟ್ಟು, ಕುರ್ತಾದ ತೋಳು ಮೇಲೇರಿಸಿ, ಅವರ ಕೈ ಪಕ್ಕಕ್ಕೆ ನನ್ನ ಕೈ ಚಾಚಿದೆ. ಹಿಂದೆ ಸ್ನೇಹಲ್ ಉಸಿರೆಳೆದುಕೊಂಡದ್ದು ಕೇಳಿಸಿತು.

ರೇವತಿ ಅದನ್ನು ನೋಡಿ ಮೆಲ್ಲಗೆ, "ಮುಟ್ಟಲೇನ್ರಿ?" ಎಂದು ಕೇಳಿದರು.

ಡಾಕ್ಟರುಗಳು ಒತ್ತಿ ನೋಡಿದ್ದರು, ನೆಂಟರು ಔಷಧಿ ಹೇಳಿದ್ದರು. ಹೀಗೆ ಯಾರೂ ಕೇಳಿರಲಿಲ್ಲ. ತಲೆಯಾಡಿಸಿದೆ. ಅವರು ಎಡಗೈಯಲ್ಲಿ ನನ್ನ ಮೊಣಕೈ ಹಿಡಿದು, ಕಲೆಯ ಸುತ್ತ ನಿಧಾನವಾಗಿ ನೀಲಿ ಗೆರೆ ಎಳೆದರು.

"ಏನು ಕಾಣಸ್ತದ್ರಿ?"

ಎಷ್ಟು ಯೋಚಿಸಿದರೂ ಹೊಳೆದದ್ದು ಇಷ್ಟೇ: "ನನ್ನ ಕೈ ರೀ."

ಅವರು ನಕ್ಕರು, ಕಣ್ಣು ತುಂಬಿತ್ತು. ಅಷ್ಟರಲ್ಲಿ ಆ ಹಿರಿಯರ ಹೆಂಡತಿ ಗಂಡನ ಕೈ ಬಿಡಿಸಿಕೊಂಡು ಬಂದು ಕುಂಚ ಎತ್ತಿಕೊಂಡರು.

ಎಲ್ಲ ಮುಗಿದ ಮೇಲೆ ಚಹಾ ಕುಡಿಯುತ್ತ, "ಅಂಥಾ ಮಾತು ಕೇಳಿದ್ರ ನಿಮಗ ನೋವಾಗೂದಿಲ್ಲೇನ್ರಿ?" ಎಂದೆ.

"ಆಗ್ತದ್ರಿ, ಪ್ರತಿ ಸಲ ಆಗ್ತದ. ಮನ್ಯಾಗ ಮುಚ್ಚಿಕೊಂಡು ಕೂತಾಗ ಇನ್ನೂ ಭಾಳ ಆಗ್ತಿತ್ತು."

ಧೈರ್ಯ ಇದ್ದವರಿಗೆ ನೋವು ತಾಕುವುದಿಲ್ಲ ಎಂದುಕೊಂಡಿದ್ದೆ. ನೋವಾಗುತ್ತದೆಂದು ಗೊತ್ತಿದ್ದೂ ಪ್ರತಿ ಸಲ ಜನರ ಮುಂದೆ ಬಂದು ಕೂರುವ ಆ ಹೆಣ್ಣುಮಗಳ ಬಗ್ಗೆ ನನಗಿರುವ ಗೌರವ ಇಂದಿಗೂ ಕಡಿಮೆಯಾಗಿಲ್ಲ. ನನ್ನ ಕೈಯನ್ನು ನನಗೇ ಮರಳಿ ಕೊಟ್ಟವರು ಅವರು.