ಚಹಾಕ್ಕೆ ಮುಂಚಿನ ಒಂಬತ್ತನೆಯ ವಿಷಯ

ಐವತ್ತರ ದಶಕ ಮುಗಿಯುತ್ತಿದ್ದಾಗ ನಾನು ಇಚಲಕರಂಜಿಯ ವಿದ್ಯುತ್ ಮಗ್ಗದ ಕಾರ್ಮಿಕರ ಸಂಘವೊಂದರಲ್ಲಿ ಕಾರಕೂನನಾಗಿ ಸೇರಿದೆ. ನನ್ನ ಊರು ಗಡಹಿಂಗ್ಲಜ ತಾಲೂಕಿನ ನೇಸರಿ. ಓದಿದ್ದು ಕೊಲ್ಲಾಪುರದಲ್ಲಿ, ವಿದ್ಯಾರ್ಥಿ ನಿಲಯದಲ್ಲಿದ್ದುಕೊಂಡು. ಅಲ್ಲಿ ಐದಕ್ಕೆ ಗಂಟೆ, ಐದೂವರೆಗೆ ಸ್ನಾನ, ಆರಕ್ಕೆ ಪ್ರಾರ್ಥನೆ. ಊಟಕ್ಕೆ ಎರಡು ನಿಮಿಷ ತಡವಾದರೆ ತಟ್ಟೆ ಎತ್ತಿಡುತ್ತಿದ್ದರು. ಆ ಶಿಸ್ತು ನನಗೆ ಒಗ್ಗಿತು. ಸಂಘದ ಕಚೇರಿಯಲ್ಲೂ ಅದನ್ನೇ ನಡೆಸಿದೆ. ಕಾರ್ಮಿಕರು ನನ್ನನ್ನು ‘ಗಂಟಿ ಮಾಸ್ತರ’ ಎಂದು ಕರೆಯತೊಡಗಿದರು, ನನ್ನ ಎದುರಿಗೇ.

ಸಂಘದ ಮುಖಂಡರನ್ನು ಎಲ್ಲರೂ ಅಣ್ಣಾ ಎನ್ನುತ್ತಿದ್ದರು. ಬೆಳಗಾವಿ ಕಡೆಯಿಂದ ಬಂದು ಮೀಸೆ ಮೂಡುವ ಮೊದಲೇ ಮಗ್ಗದ ಮುಂದೆ ನಿಂತವರು. ಸಂಘ ಕಟ್ಟಿದರು, ಮುಷ್ಕರ ಮಾಡಿಸಿದರು, ವಾರದ ರಜೆ ಗಿಟ್ಟಿಸಿದರು. ಅವರಿದ್ದದ್ದು ಇಚಲಕರಂಜಿಯಿಂದ ಸೈಕಲ್ ದೂರದ ಒಂದು ಸಣ್ಣ ಊರಿನಲ್ಲಿ. ಆ ಊರಿನ ಹೆಸರು ಬರೆಯುವುದಿಲ್ಲ. ಮುಂದೆ ಹೇಳಲಿರುವ ದೊಡ್ಡ ಮನುಷ್ಯರ ಮೊಮ್ಮಕ್ಕಳು ಈಗಲೂ ನನ್ನನ್ನು ಕರೆದು ಚಹಾ ಕೊಡುತ್ತಾರೆ.

ಅರವತ್ತರ ದಶಕದ ಆರಂಭದಲ್ಲಿ ಆ ಊರಿನ ಪುರಸಭೆಗೆ ಚುನಾವಣೆ ಬಂತು. ಜನ ಅಣ್ಣಾನನ್ನು ನಿಲ್ಲಿಸಿದರು. ನೇಕಾರರ ಓಣಿಗೆ ನಳ ಇರಲಿಲ್ಲ. ಹೆಂಗಸರು ಊರಾಚೆಯ ಬಾವಿಯಿಂದ ನೀರು ಹೊರಬೇಕು. ಪ್ರಚಾರದ ಕೊನೆಯ ಸಭೆಯಲ್ಲಿ ಅಣ್ಣಾ ನನ್ನನ್ನು ಕೇಳದೆ ಒಂದು ಮಾತು ಕೊಟ್ಟುಬಿಟ್ಟರು.

“ಒಂದ ವರ್ಷದಾಗ ನಮ್ಮ ಓಣಿಗೆ ನಳಾ ಬರಲಿಲ್ಲಂದ್ರ, ರಾಜೀನಾಮೆ ಕೊಟ್ಟು ಮತ್ತ ಮಗ್ಗದ ಮುಂದ ನಿಂದರ್ತೇನಿ!”

ಹೆಂಗಸರ ಗುಂಪಿನಿಂದ ಒಂದು ದನಿ ಬಂತು. “ಬಾಯಿಲೆ ಹೇಳಿದ್ರ ನಡ್ಯೂದಿಲ್ರಿ, ಬರದ ಕೊಡ್ರಿ!”

ಹಾಗೆ ಕೂಗಿದವರು ಅಣ್ಣಾನ ಹೆಂಡತಿ, ನಮಗೆಲ್ಲ ವೈನಿ. ಸಭೆ ನಕ್ಕು ಉರುಳಿತು. ಅಣ್ಣಾ ಗೆದ್ದರು.

ಗೆದ್ದ ಮೇಲೆ ಕಷ್ಟ ಶುರುವಾಯಿತು. ಮಗ್ಗದ ಶೆಡ್ಡಿನ ಸದ್ದು ಕೇಳಿದವರಿಗೆ ಮಾತ್ರ ಇದು ಗೊತ್ತು: ಅಲ್ಲಿ ಪಕ್ಕದವನ ಮಾತೂ ಕಿವಿಗೆ ಬೀಳುವುದಿಲ್ಲ. ನೇಕಾರರು ದನಿ ತೆಗೆಯದೆ ತುಟಿ ಆಡಿಸುತ್ತಾರೆ, ಆಚೆ ಸಾಲಿನವನು ಅದನ್ನು ಓದಿ ಉತ್ತರ ಕೊಡುತ್ತಾನೆ. ಸಂಸಾರದ ಸುದ್ದಿ, ಮಾಲಕರ ನಿಂದೆ, ಪೋಲಿ ಹಾಸ್ಯ ಎಲ್ಲವೂ ಹಾಗೆಯೇ. ಎಳೆ ಕಡಿಯಿತು ಎನ್ನುವುದಕ್ಕೆ ಎರಡು ಬೆರಳು ಚಿಟಿಕೆಯಂತೆ ಬಿಡಿಸಿದರೆ ಸಾಕು. ದನಿಯೇ ತೆಗೆಯಬೇಕಾದರೆ ಪ್ರಾಣ ಹೋಗುವಂತೆ ಕಿರುಚಬೇಕು.

ಅಣ್ಣಾನಿಗೆ ಈ ಎರಡೇ ಗೊತ್ತಿತ್ತು. ಪುರಸಭೆಯ ಮೊದಲ ಸಭೆಯಲ್ಲಿ ಎದ್ದು ನಿಂತು ಎಷ್ಟು ಜೋರಾಗಿ ಕೂಗಿದರೆಂದರೆ ಸಿಪಾಯಿಯ ಕೈಯಿಂದ ಚಹಾದ ಬಸಿ ಜಾರಿತು. ಅಧ್ಯಕ್ಷರು ಕಿವಿ ಒರೆಸಿಕೊಂಡು, “ನಾವು ಕಿವುಡ್ರಲ್ರೀಪಾ,” ಎಂದರು. ಸಭೆಯ ಮಾತೆಲ್ಲ ಮರಾಠಿಯಲ್ಲಿ ನಡೆಯುತ್ತಿತ್ತು. ಇಲ್ಲಿ ನಮ್ಮ ಮಾತಿನಲ್ಲಿ ಹೇಳುತ್ತಿದ್ದೇನೆ.

ಆಮೇಲೆ ನಾನು ಪಾಠ ಶುರು ಮಾಡಿದೆ. ಪ್ರತಿ ಸಂಜೆ ಆರರಿಂದ ಆರೂವರೆ. ಖಾಲಿ ಕುರ್ಚಿಗಳೇ ಸದಸ್ಯರು. “ಅಧ್ಯಕ್ಷ ಮಹಾರಾಜ್ ಅನ್ರಿ. ಸಣ್ಣ ದನಿ. ಕೈ ಕೆಳಗ. ವಿಷಯದ ನಂಬರ್ ಬರೂತನಾ ಬಾಯಿ ತಗೀಬ್ಯಾಡ್ರಿ.”

“ಮಾಸ್ತರ, ಇದಕ್ಕಿಂತ ಮುಷ್ಕರ ಸರಳ ಐತಿ,” ಎನ್ನುತ್ತಿದ್ದರು ಅಣ್ಣಾ, ಬೆವರು ಒರೆಸಿಕೊಳ್ಳುತ್ತ.

ತಿಂಗಳುಗಳು ಸರಿದವು. ನಳದ ವಿಷಯ ಪ್ರತಿ ಸಭೆಯಲ್ಲೂ ಪಟ್ಟಿಯ ಕೊನೆಗೆ ಬಂದು, ಹೊತ್ತಾಯಿತು ಎಂದು ಮುಂದೆ ಹೋಗುತ್ತಿತ್ತು. ಇದ್ದದ್ದು ಒಂದೇ ಓಣಿಗಾಗುವಷ್ಟು ಕೊಳವೆ. ಅದನ್ನು ಹೊಸ ಬಂಗಲೆಗಳ ಕಡೆಗೆ ಒಯ್ಯಬೇಕೆಂಬುದು ಅಧ್ಯಕ್ಷರ ಮತ್ತು ಅವರ ಬಳಗದ ಆಸೆ. ಮತಕ್ಕೆ ಹಾಕಿದರೆ ಸೋಲುವ ಭಯ, ಅದಕ್ಕೇ ಮುಂದೂಡುತ್ತಿದ್ದರು. ಕೊಟ್ಟ ಮಾತಿನ ವರ್ಷ ಮುಗಿಯುವ ಮೊದಲು ಉಳಿದದ್ದು ಒಂದೇ ಸಭೆ. ಅಲ್ಲಿಯೂ ನಳ ಒಂಬತ್ತನೆಯ ವಿಷಯ, ಕೊನೆಯದು. ಈ ಸಲ ತಪ್ಪಿದರೆ ಅಣ್ಣಾ ರಾಜೀನಾಮೆ ಕೊಡುವವರೇ. ಆಡಿದ ಮಾತು ನುಂಗುವ ಮನುಷ್ಯರಲ್ಲ.

ಆ ದಿನ ನಾನೂ ಒಬ್ಬ ಹಿರಿಯ ನೇಕಾರನೂ ನೋಡುವವರ ಬೆಂಚಿನಲ್ಲಿ ಕುಳಿತಿದ್ದೆವು. ಮಗ್ಗದ ಸದ್ದಿಗೆ ಆತನ ಕಿವಿ ಮುಕ್ಕಾಲು ಹೋಗಿತ್ತು. ಎಲ್ಲರೂ ಕಾಕಾ ಎನ್ನುತ್ತಿದ್ದರು. ಬೆಂಚು ಪಕ್ಕದ ಗೋಡೆಗೆ ಒರಗಿತ್ತು. ಅಲ್ಲಿ ಕುಳಿತವರು ಪಿಟ್ ಎನ್ನುವಂತಿಲ್ಲ, ಅಂದರೆ ಸಿಪಾಯಿ ಹೊರಗೆ ಹಾಕುತ್ತಾನೆ. ಅಣ್ಣಾ ಕೊನೆಯ ಸಾಲಿನಲ್ಲಿ, ನಾನು ಹೇಳಿಕೊಟ್ಟಂತೆ ಕೈಕಟ್ಟಿ ಕುಳಿತಿದ್ದರು.

ನಾಲ್ಕನೆಯ ವಿಷಯ ಮುಗಿದಾಗ ಅಧ್ಯಕ್ಷರು ಯಾವುದೋ ಕಾಗದ ತೋರಿಸುವ ನೆಪದಲ್ಲಿ ತಮ್ಮ ಬಳಗದ ಮೂವರನ್ನು ಹತ್ತಿರ ಕರೆದರು. ಆ ಕಾಗದವನ್ನೇ ಬಾಯಿಗೆ ಅಡ್ಡ ಹಿಡಿದು ಪಿಸುಗುಟ್ಟಿದರು. ಸಭೆಗೆ ಕಾಗದ ಮಾತ್ರ ಕಾಣುತ್ತಿತ್ತು. ಆದರೆ ಪಕ್ಕದ ಗೋಡೆಯ ಕಡೆಗೆ ಅವರ ಬಾಯಿ ಪೂರ್ತಿ ತೆರೆದೇ ಇತ್ತು. ಅಧ್ಯಕ್ಷರು ನೂಲಿನ ವ್ಯಾಪಾರಿ, ಗಾದಿಯ ಮೇಲೆ ಕುಳಿತು ಬೆಳೆದವರು. ಶೆಡ್ಡಿನೊಳಗೆ ಒಂದು ದಿನವಾದರೂ ನಿಂತಿದ್ದರೆ ಆ ತಪ್ಪು ಮಾಡುತ್ತಿರಲಿಲ್ಲ.

ಕಾಕಾ ನೆಟ್ಟಗೆ ಕುಳಿತ. ಕಣ್ಣು ಅಧ್ಯಕ್ಷರ ತುಟಿಯ ಮೇಲೆ. ಆಮೇಲೆ ಅಣ್ಣಾನ ಕಡೆ ತಿರುಗಿ ಎರಡು ಬೆರಳು ಚಿಟಿಕೆಯಂತೆ ಬಿಡಿಸಿದ. ಅಣ್ಣಾ ತಲೆ ಎತ್ತಿದರು. ಕಾಕಾ ದನಿಯಿಲ್ಲದೆ ತುಟಿ ಆಡಿಸತೊಡಗಿದ. ನನಗೆ ಒಂದಕ್ಷರ ತಿಳಿಯಲಿಲ್ಲ. ಸಿಪಾಯಿ ನಮ್ಮನ್ನೇ ನೋಡುತ್ತಿದ್ದ, ಆದರೆ ಸದ್ದು ಮಾಡದ ಮನುಷ್ಯನನ್ನು ಯಾವ ನಿಯಮದಲ್ಲಿ ಹೊರಗೆ ಹಾಕುವುದು?

ಅಣ್ಣಾ ಎದ್ದು ನಿಂತರು. ಅವರ ನಂಬರ್ ಬಂದಿರಲಿಲ್ಲ. ನಾನು ಬೆಂಚಿನ ಅಂಚು ಬಿಗಿಯಾಗಿ ಹಿಡಿದೆ.

“ಅಧ್ಯಕ್ಷ ಮಹಾರಾಜ್,” ಎಂದರು ಸಣ್ಣ ದನಿಯಲ್ಲಿ. “ಒಂದು ವಿನಂತಿ. ಒಂಬತ್ತನೇ ವಿಷಯ ಚಹಾದ ಮೊದಲ ತಗೋರಿ.”

“ಅಷ್ಟ ಅವಸರ ಏನೈತ್ರಿ?”

“ನನಗಲ್ರಿ, ಪಾಪ, ಇವ್ರಿಗೆ ಅವಸರ ಐತಿ. ಮುಂದಿನ ಸಾಲಿನ ಸಾಹೇಬ್ರು ಚಹಾ ಕುಡದ ಕೂಡ್ಲೆ ಕೊಲ್ಲಾಪುರದ ಕೋರ್ಟಿಗೆ ಹೊಂಟಾರ. ಅವ್ರ ಬಾಜೂದವ್ರ ಮನಿಗೆ ಬೀಗರು ಬರಾವ್ರದಾರ. ಈ ಕಡೆ ಕುಂತ ಯಜಮಾನ್ರಿಗೆ ಇನ್ನ ಅರ್ಧಾ ತಾಸಿನ್ಯಾಗ ಹೊಟ್ಟಿಬ್ಯಾನಿ ಚಾಲೂ ಆಗತೈತಿ. ಅವ್ರು ಹೋಗೂದ್ರಾಗ ಮುಗಸೂಣು.”

ಅಧ್ಯಕ್ಷರು ಪಿಸುಗುಟ್ಟಿದ್ದು ಅಕ್ಷರಶಃ ಇದನ್ನೇ ಎಂದು ಕಾಕಾ ಆಮೇಲೆ ಹೇಳಿದ. ಚಹಾ ಆದ ಮೇಲೆ ಒಬ್ಬೊಬ್ಬರೇ ಒಂದೊಂದು ನೆಪ ಹೇಳಿ ಎದ್ದು ಹೋಗಬೇಕು. ಕಡಿಮೆ ಮಂದಿ ಉಳಿದರೆ ಕೋರಂ ಇಲ್ಲವೆಂದು ಸಭೆ ಮುಗಿಸಬಹುದು. ನೆಪಗಳನ್ನೂ ಅವರೇ ಹಂಚಿಕೊಟ್ಟಿದ್ದರು.

ಯಜಮಾನರು ಕೆಂಪಾಗಿ ಎದ್ದರು. “ನನ್ನ ಹೊಟ್ಟಿಗೆ ಏನೂ ಆಗಿಲ್ರಿ!”

“ಚಹಾ ಇನ್ನೂ ಬಂದಿಲ್ಲಲ್ರಿ,” ಎಂದರು ಅಣ್ಣಾ.

ಮೊದಲು ನಕ್ಕದ್ದು ಸಿಪಾಯಿ. ಆಮೇಲೆ ಇಡೀ ಸಭೆ. ಕೋರ್ಟಿಗೆ ಹೋಗಬೇಕಿದ್ದವರೂ ಬಾಯಿಗೆ ಧೋತರದ ಚುಂಗು ಒತ್ತಿಕೊಂಡರು. ಇನ್ನು ಯಾರೂ ಎದ್ದು ಹೋಗುವ ಹಾಗಿರಲಿಲ್ಲ. ಬೇಡ ಎನ್ನಲು ಅಧ್ಯಕ್ಷರಿಗೆ ಕಾರಣವೂ ಉಳಿಯಲಿಲ್ಲ. ಒಂಬತ್ತನೆಯ ವಿಷಯ ಐದನೆಯದಾಯಿತು. ಕೊಳವೆ ನೇಕಾರರ ಓಣಿಗೆ ಎನ್ನುವವರು ಕೈ ಎತ್ತಿರಿ ಎಂದಾಗ ಎಲ್ಲರಿಗಿಂತ ಮೊದಲು ಎತ್ತಿದವರು ಹೊಟ್ಟೆಯ ಯಜಮಾನರು. ತಮ್ಮ ಆರೋಗ್ಯ ಚೆನ್ನಾಗಿದೆ ಎಂದು ತೋರಿಸಬೇಕಿತ್ತಲ್ಲ.

ಹೊರಗೆ ಬಂದು ಕಾಕಾನನ್ನು ಅಪ್ಪಿಕೊಂಡೆ. ಕಿವಿಯ ಹತ್ತಿರ ಬಾಯಿಟ್ಟು, “ಭಾಳ ಚಲೋ ಕೆಲಸ ಮಾಡಿದ್ರಿ!” ಎಂದು ಕೂಗಿದೆ.

“ಒದರಬ್ಯಾಡ್ರಿ ಮಾಸ್ತರ,” ಎಂದ ಕಾಕಾ. “ಎದುರಿಗೆ ನಿಂತು ಸಾವಕಾಶ ಹೇಳ್ರಿ, ತಿಳೀತೈತಿ.”

ವರ್ಷ ತುಂಬಲು ಇನ್ನೂ ಕೆಲವು ದಿನ ಇರುವಾಗಲೇ ಓಣಿಗೆ ನೀರು ಬಂತು. ಬೆಳಗಿನ ಆರು ನಲವತ್ತಕ್ಕೆ, ನನ್ನ ಗಡಿಯಾರದಲ್ಲಿ. ಮೊದಲು ಗಾಳಿ ಬುಸುಗುಟ್ಟಿತು, ಆಮೇಲೆ ಕೆಮ್ಮಣ್ಣಿನ ನೀರು, ಆಮೇಲೆ ತಿಳಿನೀರು. ವೈನಿ ನಳಕ್ಕೆ ಕುಂಕುಮ ಹಚ್ಚಿದರು. ಮೊದಲ ಕೊಡ ತುಂಬಿಸಿಕೊಂಡು ಮನೆಗೆ ಹೋಗುತ್ತಾರೆಂದು ನಾವೆಲ್ಲ ದಾರಿ ಬಿಟ್ಟೆವು. ಅವರು ನೆಟ್ಟಗೆ ಬಂದು ಅಷ್ಟನ್ನೂ ಅಣ್ಣಾನ ತಲೆಯ ಮೇಲೆ ಸುರಿದರು. ಉಳಿದ ಹೆಂಗಸರಿಗೆ ಅಷ್ಟೇ ಬೇಕಿತ್ತು. ನನ್ನನ್ನೂ ಬಿಡಲಿಲ್ಲ.

ಅಷ್ಟರಲ್ಲಿ ಆಚೆ ಓಣಿಯ ಹೆಂಗಸರು ಖಾಲಿ ಕೊಡ ಹಿಡಿದು ಬಂದು ನಿಂತರು. “ಅಣ್ಣಾರ, ನಮ್ಮ ಓಣಿಗೆ ಯಾವಾಗ್ರಿ?”

ಅಣ್ಣಾ ಮುಖದ ನೀರು ಒರೆಸಿಕೊಳ್ಳುತ್ತ ನನ್ನ ಕಡೆ ನೋಡಿದರು. ಈ ಸಲ ಬಾಯಿ ತೆರೆಯಬೇಡಿ ಎಂದು ನಾನು ಕೈ ಸನ್ನೆ ಮಾಡಿದೆ. ಅವರು ತೆರೆಯಲಿಲ್ಲ.

“ಒಂದ ವರ್ಷದಾಗ!” ಎಂದರು ವೈನಿ, ಸೊಂಟದ ಮೇಲೆ ಕೈಯಿಟ್ಟು.

ಅಣ್ಣಾ ಹೆಂಡತಿಯ ಮುಖ ನೋಡಿದರು, ಆಮೇಲೆ ಜೋರಾಗಿ ನಕ್ಕರು. “ಬರಕೋರಿ ಮಾಸ್ತರ,” ಎಂದರು. ನನ್ನ ಕಿಸೆಯಲ್ಲಿದ್ದ ಕಾಗದವೆಲ್ಲ ತೊಯ್ದು ಮುದ್ದೆಯಾಗಿತ್ತು. ಅಂಗೈ ಮೇಲೆ ಬರೆದುಕೊಂಡೆ.