ನಜ್ಮಾದ ಬೈಂಡರ್ ಕಾಕ

ಬೈಂಡರ್ ಕಾಕನ ಬಲಗೈ ಹೆಬ್ಬೆರಳಿನ ಉಗುರು ಉಳಿದ ಒಂಬತ್ತರ ಹಾಗಿರಲಿಲ್ಲ. ಉದ್ದಕ್ಕೆ ಬೆಳೆದು, ದಪ್ಪಗಾಗಿ, ಅಂಟಿನ ಬಣ್ಣ ಹತ್ತಿ ಹಳದಿಯಾಗಿತ್ತು. ತುದಿ ಮಾತ್ರ ನುಣ್ಣಗೆ ಹೊಳೆಯುತ್ತಿತ್ತು. ಕಾಗದ ಮಡಚಿ ಅದರ ಮೇಲೆ ಆ ಉಗುರನ್ನು ಒಮ್ಮೆ ಎಳೆದರೆ ಇಸ್ತ್ರಿ ಹಾಕಿದ ಹಾಗೆ ಗೆರೆ ಕೂರುತ್ತಿತ್ತು. ಮೊದಲ ಸಲ ನೋಡಿದಾಗ ನನಗೆ ಹೇಸಿಗೆಯಾಗಿತ್ತು, ಸುಳ್ಳೇಕೆ ಹೇಳಲಿ. ಉಗುರು ತೆಗೆಯಲು ಪುರುಸೊತ್ತಿಲ್ಲದ ಮನುಷ್ಯ ಪುಸ್ತಕವನ್ನು ಏನು ಕಟ್ಟಿಯಾನು ಅಂದುಕೊಂಡಿದ್ದೆ.

ದೋಹಾದಲ್ಲಿ ಏಷ್ಯನ್ ಗೇಮ್ಸ್ ನಡೆಯಲು ಆಗ ಇನ್ನೂ ಮೂರು ವರ್ಷವಿತ್ತು. ಎಲ್ಲಿ ನೋಡಿದರೂ ಕ್ರೇನು, ಅಗೆದ ರಸ್ತೆ, ಧೂಳು. ನಾನು ಒಂದು ಸಣ್ಣ ಕಾಂಟ್ರಾಕ್ಟಿಂಗ್ ಕಂಪನಿಗೆ ಸೆಕ್ರೆಟರಿಯಾಗಿ ಸೇರಿದ್ದೆ. ಟೆಂಡರಿನ ಕಾಗದಗಳನ್ನು ಟೈಪು ಮಾಡಿಸಿ, ಪ್ರತಿ ತೆಗೆಸಿ, ಬೈಂಡು ಮಾಡಿಸಿ ಕೊಡುವುದು ನನ್ನ ಪಾಲಿನ ಕೆಲಸ. ಬೈಂಡಿಂಗಿಗೆ ನಮ್ಮ ಡ್ರೈವರ್ ಕರೆದುಕೊಂಡು ಹೋದದ್ದು ನಜ್ಮಾ ಎಂಬ ಹಳೆಯ ಬಡಾವಣೆಯ ಒಂದು ಗಲ್ಲಿಗೆ. ಒಂದು ಕಡೆ ಟೈಲರ್, ಇನ್ನೊಂದು ಕಡೆ ಕೆಫೆಟೇರಿಯಾ, ನಡುವೆ ಫೋಟೊಕಾಪಿ ಅಂಗಡಿ. ಅದರ ಹಿಂಬದಿಯಲ್ಲಿ, ಒಂದು ಪರದೆಯ ಆಚೆ, ಕಾಕ ಕಾಲು ಮಡಚಿ ಹಲಗೆಯ ಮೇಲೆ ಕುಳಿತಿದ್ದರು. ನನ್ನ ಇಂಗ್ಲಿಷನ್ನು ಎರಡು ವಾಕ್ಯ ಕೇಳಿದ್ದೇ, ಊರು ಯಾವುದು ಎಂದು ತುಳುವಿನಲ್ಲಿ ಕೇಳಿದರು. ನಾನು ಪುತ್ತೂರಿನವಳು, ಅವರು ಬಂಟ್ವಾಳದ ಕಡೆಯ ಬ್ಯಾರಿ ಮುಸ್ಲಿಮರು. ಆಮೇಲೆ ನಮ್ಮ ಮಾತು ತುಳುವಿನಲ್ಲಿ ಶುರುವಾಗಿ ಕನ್ನಡದಲ್ಲಿ ಮುಗಿಯುವುದು ರೂಢಿಯಾಯಿತು. ಅವರಿಗೆ ನಾನು ‘ತಂಗಿ’, ನನಗೆ ಅವರು ಕಾಕ.

ಅವರ ಕೆಲಸಕ್ಕೆ ಅವರದೇ ಶಾಸ್ತ್ರಗಳಿದ್ದವು. ಹಲ್ಲಿನ ನಡುವೆ ನೂಲು ಇರುವಾಗ ಯಾರು ಕರೆದರೂ ಓಗೊಡುವುದಿಲ್ಲ. ಕೊನೆಯ ಗಂಟು ಬೀಳುವವರೆಗೆ ಸುಲೈಮಾನಿ ಚಹಾ ಮುಟ್ಟುವುದಿಲ್ಲ. ಹೊಲಿದ ಪುಸ್ತಕದ ಮೇಲೆ ಭಾರ ಇಡಲು ಪಕ್ಕದ ಟೈಲರ್ ಬಿಸಾಡಿದ ಎರಡು ಹಳೆಯ ಇಸ್ತ್ರಿಪೆಟ್ಟಿಗೆಗಳು. ಅಂಟು ಒಣಗಿಸಲು ಹೊರಗಿನ ಬಿಸಿಲು. ದೋಹಾದ ಬಿಸಿಲನ್ನು ಬೈಯದ ಒಬ್ಬನೇ ಒಬ್ಬ ಮನುಷ್ಯನನ್ನು ನಾನು ನೋಡಿದ್ದರೆ ಅದು ಕಾಕ. ಯಾವ ಪುಸ್ತಕ ಕೈಗೆ ಬಂದರೂ ಮೊದಲು ಅದರ ಹಳೆಯ ಹೊಲಿಗೆಯನ್ನು ಸಾವಕಾಶವಾಗಿ ಬಿಚ್ಚಿ ನೋಡುವರು. “ಕಟ್ಟುವವ ಮೊದಲು ಬಿಚ್ಚಲಿಕ್ಕೆ ಕಲಿಬೇಕು ತಂಗಿ” ಎನ್ನುವುದು ಅವರ ಮಾತು. ನನಗೋ ಎಲ್ಲವೂ ಬೇಗ ಆಗಬೇಕು. ಕಾಕನ ನಿಧಾನ ನೋಡಿದರೆ ಮೈ ಉರಿಯುತ್ತಿತ್ತು.

ಆ ಅವಸರವೇ ನನಗೆ ಮುಳುವಾಯಿತು. ಒಂದು ಶಾಲೆಯ ಕಟ್ಟಡದ ಟೆಂಡರ್ ಬಂತು. ಇಂಗ್ಲಿಷಿನಲ್ಲಿ ಮೂರು ಪ್ರತಿ, ಅರಬ್ಬಿಯಲ್ಲಿ ಮೂರು ಪ್ರತಿ. ಕಾಕ ಎರಡು ದಿನ ಬೇಕೆಂದರು. ನನಗೆ ಸಿಟ್ಟು ಬಂತು. ನಮ್ಮ ಆಫೀಸಿನ ಹತ್ತಿರವೇ ಬಿಸಿ ಅಂಟಿನ ಮಷಿನ್ ಇಟ್ಟ ಹೊಸ ಅಂಗಡಿಯೊಂದು ತೆರೆದಿತ್ತು. ಕಾಕನಿಗೆ ಹೇಳದೆ ಕೇಳದೆ ಕಾಗದಗಳನ್ನು ಅಲ್ಲಿಗೆ ಒಯ್ದೆ. ಎಡಗಡೆ ಅಂಟು ಹಾಕಿ ಎಂದೆ. ಅವರು ಹೇಳಿದ ಹಾಗೆ ಮಾಡಿದರು. ಒಂದು ಗಂಟೆಯಲ್ಲಿ ಆರು ಪುಸ್ತಕ ತಯಾರು. ನನ್ನ ಬೆನ್ನನ್ನು ನಾನೇ ತಟ್ಟಿಕೊಂಡೆ.

ಮರುದಿನ ಬೆಳಿಗ್ಗೆ ಎಂಟಕ್ಕೆ ಮ್ಯಾನೇಜರ್ ಅರಬ್ಬಿ ಪ್ರತಿಯನ್ನು ಕೈಗೆತ್ತಿಕೊಂಡರು. ಜೋರ್ಡಾನಿನವರು, ಮಿತಭಾಷಿ. ಅವರ ರೂಢಿಯಂತೆ ಎಡ ಅಂಚು ಹಿಡಿದು ತೆರೆಯಲು ಹೋದರೆ ಅಲ್ಲಿ ಪುಸ್ತಕ ತೆರೆಯುವುದೇ ಇಲ್ಲ. ಬಾಯಿ ಇರಬೇಕಾದಲ್ಲಿ ಬೆನ್ನು ಇದೆ. ಅರಬ್ಬಿ ಬಲದಿಂದ ಎಡಕ್ಕೆ ಓದುವ ಭಾಷೆ, ಅದರ ಪುಸ್ತಕಕ್ಕೆ ಹೊಲಿಗೆ ಬಲಗಡೆ ಬರಬೇಕು. ಕತಾರಿನಲ್ಲಿ ಮೂರು ತಿಂಗಳಿನಿಂದ ದಿನಾ ಅರಬ್ಬಿ ಪತ್ರಿಕೆಯನ್ನು ಮೇಜಿನ ಮೇಲೆ ನೋಡುತ್ತಿದ್ದ ನನಗೆ ಅದು ಹೊಳೆದೇ ಇರಲಿಲ್ಲ. ಕನ್ನಡ ಪುಸ್ತಕದ ಹಾಗೆ ಮೂರನ್ನೂ ಎಡಕ್ಕೆ ಕಟ್ಟಿಸಿಬಿಟ್ಟಿದ್ದೆ. ಮ್ಯಾನೇಜರ್ ಕೂಗಾಡಲಿಲ್ಲ. ಹನ್ನೆರಡು ಗಂಟೆಗೆ ಟೆಂಡರ್ ಪೆಟ್ಟಿಗೆ ಮುಚ್ಚುತ್ತದೆ, ಅಷ್ಟರೊಳಗೆ ಸರಿಯಾಗದಿದ್ದರೆ ನಾಳೆಯಿಂದ ನೀವು ಬರಬೇಕಾಗಿಲ್ಲ ಎಂದು ಮೆಲ್ಲಗೆ ಹೇಳಿದರು. ಆಗಷ್ಟೇ ನನ್ನ ಗಂಡನ ಕಂಪನಿ ಮುಚ್ಚಿ ಅವರು ಬೇರೆ ಕೆಲಸ ಹುಡುಕುತ್ತಿದ್ದರು. ನನ್ನದೂ ಹೋದರೆ ಮಗಳನ್ನು ಶಾಲೆಯಿಂದ ಬಿಡಿಸಿ ಮೂವರೂ ಊರಿಗೆ ಹೊರಡಬೇಕಿತ್ತು.

ಮೂರೂ ಪುಸ್ತಕಗಳನ್ನು ಎದೆಗವಚಿಕೊಂಡು ಹೋಗಿ ನಜ್ಮಾದ ಆ ಪರದೆ ಸರಿಸಿದೆ. ಕೆಲಸವನ್ನು ಅವರ ಕೈಯಿಂದ ತಪ್ಪಿಸಿ ಬೇರೆಯವರಿಗೆ ಕೊಟ್ಟವಳು ನಾನು. ಕಾಕ ಪುಸ್ತಕಗಳನ್ನು ತಿರುಗಿಸಿ ನೋಡಿದರು, ಗೋಡೆಯ ಗಡಿಯಾರ ನೋಡಿದರು. ಬೇರೆ ಯಾರಾದರೂ ಆಗಿದ್ದರೆ ನಾಲ್ಕು ಮಾತು ಚುಚ್ಚಿಯೇ ಚುಚ್ಚುತ್ತಿದ್ದರು. ಅವರು ಕೇಳಿದ್ದು ಇಷ್ಟೇ: “ಬೆನ್ನು ಯಾವ ಕಡೆ ಅಂತ ಕೇಳ್ಲಿಲ್ವಾ ಅವರು?”

ಇಲ್ಲವೆಂದೆ.

“ಕೇಳ್ಬೇಕು. ಮಷಿನ್ ಕೇಳುದಿಲ್ಲ, ಕಟ್ಟುವವ ಕೇಳ್ಬೇಕು. ಕೂತ್ಕೊ.”

ಕಟಿಂಗ್ ಮಷಿನ್ನಿನಲ್ಲಿ ಅಂಟಿನ ಬೆನ್ನನ್ನು ನೂಲಿನಷ್ಟು ತೆಳ್ಳಗೆ ಕತ್ತರಿಸಿ ತೆಗೆದರು. ಹಾಳೆಗಳೆಲ್ಲ ಬಿಡಿಬಿಡಿಯಾದವು. ಆಮೇಲೆ, ಹೊತ್ತು ಹೋಗುತ್ತಿದ್ದರೂ, ಒಂದೊಂದೇ ಹಾಳೆಯನ್ನು ಆ ಉಗುರಿನಿಂದ ಎತ್ತಿ ಎಣಿಸತೊಡಗಿದರು. ಎಣಿಸುವುದು ಬೇಡ ಕಾಕ, ಮೊದಲು ಹೊಲಿಯಿರಿ ಎಂದು ಅಂಗಲಾಚಿದೆ. ನೂಲು ಹಲ್ಲಿನಲ್ಲಿತ್ತು, ಎಣಿಕೆ ನಡೆದೇ ಇತ್ತು. ಅವರಿಗೆ ಅರಬ್ಬಿಯ ಅರ್ಥ ತಿಳಿಯುತ್ತಿರಲಿಲ್ಲ; ಮದ್ರಸದಲ್ಲಿ ಕಲಿತ ಅಕ್ಷರ, ಅಂಕಿ ಗೊತ್ತಿತ್ತು. ಮೂರನೆಯ ಪ್ರತಿಯ ನಡುವಿನಲ್ಲಿ ಕೈ ನಿಂತಿತು. ನೂಲು ತೆಗೆದು, ನಲವತ್ತೇಳು ಎಲ್ಲಿ ಎಂದು ಕೇಳಿದರು. ಆಫೀಸಿಗೆ ಫೋನು ಮಾಡಿದೆ. ನಲವತ್ತೇಳನೆಯ ಪುಟ ನಮ್ಮ ಫೋಟೊಕಾಪಿ ಯಂತ್ರದ ಗಾಜಿನ ಮೇಲೆಯೇ ಮಲಗಿತ್ತು. ಡ್ರೈವರ್ ತಂದುಕೊಟ್ಟ. ಒಂದು ಪುಟ ಕಡಿಮೆಯಾದರೂ ಟೆಂಡರನ್ನು ಬದಿಗೆ ಇಡುತ್ತಾರೆಂದು ನನಗೆ ಚೆನ್ನಾಗಿ ಗೊತ್ತಿತ್ತು.

ದಬ್ಬಣದಿಂದ ಬಲ ಅಂಚಿಗೆ ಐದೈದು ತೂತು. ಮೇಣ ಹಚ್ಚಿದ ನೂಲು ಹೋಯಿತು, ಬಂತು. ಕೊನೆಯಲ್ಲಿ ಒಂದು ಸಣ್ಣ ಗಂಟು. ಅದರ ತುದಿಯನ್ನು ಉಗುರಿನಿಂದ ಹೊಲಿಗೆಯೊಳಗೆ ಹೇಗೆ ದೂಡಿದರೆಂದರೆ ಗಂಟು ಎಲ್ಲಿದೆಯೆಂದು ಹುಡುಕಿದರೂ ಕಾಣದು. ರಟ್ಟು ಕೂರಿಸಿ, ಬೆನ್ನಿಗೆ ಹಸಿರು ಬಟ್ಟೆ ಎಳೆದು, ಹೊರಗೆ ಬಿಸಿಲಿಗಿಟ್ಟರು. ಹನ್ನೆರಡಕ್ಕೆ ಹತ್ತು ನಿಮಿಷವಿರುವಾಗ ಪುಸ್ತಕಗಳು ಪೆಟ್ಟಿಗೆಗೆ ಬಿದ್ದವು. ಆ ಟೆಂಡರ್ ನಮಗೇ ಸಿಕ್ಕಿತು ಎಂದರೆ ಕತೆ ಚೆನ್ನಾಗಿರುತ್ತಿತ್ತು. ಸಿಗಲಿಲ್ಲ. ನನ್ನ ಕೆಲಸ ಮಾತ್ರ ಉಳಿಯಿತು, ಮಗಳ ಶಾಲೆ ಉಳಿಯಿತು. ಮ್ಯಾನೇಜರ್ ಆ ಹಸಿರು ಬೆನ್ನಿನ ಮೇಲೆ ಬೆರಳಾಡಿಸಿ, ಇನ್ನು ಮುಂದೆ ಎಲ್ಲ ಕೆಲಸವೂ ಈ ಮನುಷ್ಯನ ಹತ್ತಿರವೇ ಎಂದರು.

ಹಾಗೆ ವರ್ಷಗಟ್ಟಲೆ ಹೋಗಿ ಬರುತ್ತಾ ಕಾಕನ ಕಪಾಟಿನ ಸಂಗತಿ ತಿಳಿಯಿತು. ಅದರ ಬಾಗಿಲಿನ ಒಳಬದಿಯಲ್ಲಿ ಪೆನ್ಸಿಲಿನ ಬರಹ ಸಾಲಾಗಿತ್ತು. ಪುಸ್ತಕ ಕಟ್ಟಿಸಲು ಬಂದವರನ್ನೆಲ್ಲ ಕಾಕ ಕೇಳುತ್ತಿದ್ದರಂತೆ, ನನ್ನಂಥವನಿಗೆ ನಿಮ್ಮಲ್ಲಿ ಏನು ಹೇಳುತ್ತಾರೆ ಎಂದು. ಅರಬ್ಬಿಯವರು ಮುಜಲ್ಲಿದ್ ಅಂದರಂತೆ. ಜಿಲ್ದ್ ಅಂದರೆ ಚರ್ಮ, ಪುಸ್ತಕಕ್ಕೆ ಚರ್ಮ ತೊಡಿಸುವವ. ಪಾಕಿಸ್ತಾನದವರು ಜಿಲ್ದ್‌ಸಾಜ್, ಬಂಗಾಳಿ ದಫ್ತರಿ, ಇರಾನಿನವ ಸಹ್ಹಾಫ್. ಎಲ್ಲವೂ ಕನ್ನಡ ಲಿಪಿಯಲ್ಲಿ, ಮೂರನೇ ಕ್ಲಾಸಿನ ಗುಂಡು ಅಕ್ಷರದಲ್ಲಿ. ಕನ್ನಡ ಎಂದು ಬರೆದು ಅದರ ಮುಂದೆ ಮಾತ್ರ ಖಾಲಿ ಬಿಟ್ಟಿದ್ದರು. ನಾವು ಬೈಂಡರ್ ಎಂದೇ ಹೇಳುವುದಲ್ಲವೇ ಎಂದೆ. ಅದು ಇಂಗ್ಲಿಷಲ್ವಾ ಎಂದು ತಲೆಯಾಡಿಸಿದರು. ನಾನು ದೊಡ್ಡ ಪಂಡಿತಳ ಹಾಗೆ ಊರಿಗೆ ಫೋನು ಮಾಡಿ, ಮೇಷ್ಟ್ರಾಗಿದ್ದ ಅಪ್ಪನನ್ನು ಕೇಳಿ, ‘ರಟ್ಟು ಕಟ್ಟುವವ’ ಎಂದು ತಂದುಕೊಟ್ಟೆ. ಕಾಕ ಅದನ್ನು ಎರಡು ಸಲ ಬಾಯಲ್ಲಿ ಆಡಿ ನೋಡಿದರು. ಬರೆಯಲಿಲ್ಲ.

ಈ ಹುಡುಕಾಟ ಯಾಕೆಂದು ತಿಳಿದದ್ದು ಅವರು ಊರಿಗೆ ಶಾಶ್ವತವಾಗಿ ಹೊರಟ ತಿಂಗಳು. ಅಷ್ಟರಲ್ಲಿ ಗೇಮ್ಸ್ ಮುಗಿದಿತ್ತು, ನಾವು ಅಲ್ ವಕ್ರಾಕ್ಕೆ ಮನೆ ಬದಲಿಸಿದ್ದೆವು. ಕಾಕ ಮೊದಲ ಬಾರಿಗೆ ನನ್ನ ಆಫೀಸಿಗೆ ಬಂದರು, ಇಸ್ತ್ರಿ ಹಾಕಿದ ಅಂಗಿ ಹಾಕಿಕೊಂಡು. ಐಡಿ ಕಾರ್ಡನ್ನು ಮೇಜಿನ ಮೇಲಿಟ್ಟರು. ಅದರಲ್ಲಿ ವೃತ್ತಿ ಎಂಬಲ್ಲಿ ಆಮಿಲ್ ಎಂದಿತ್ತು, ಕೂಲಿಯಾಳು ಎಂದು. ಇಪ್ಪತ್ತೇಳು ವರ್ಷವೂ ಅದೇ. ಹಿಂದೊಮ್ಮೆ ರಜೆಯಲ್ಲಿ ಊರಿಗೆ ಹೋದಾಗ ಯಾರೋ ಅದನ್ನು ಅವರ ಉಮ್ಮನಿಗೆ ಓದಿ ಹೇಳಿದ್ದರಂತೆ.

“ಉಮ್ಮ ಬೀಡಿ ಕಟ್ಟಿ ನಮ್ಮನ್ನು ಸಾಕಿದ್ದು ತಂಗಿ. ಮಗ ಕೂಲಿಗೆ ಹೋಗ್ಬಾರ್ದು ಅಂತ ಕಟ್ಟಿದ್ದು. ನಾನು ಅಲ್ಲಿ ಪುಸ್ತಕ ಕಟ್ಟುದು ಅಂದ್ರೆ, ಕಾರ್ಡಲ್ಲಿ ಹಾಗಿಲ್ವಲ್ಲ ಅಂತಾರೆ. ಒಂದು ಕಾಗದ ಬರೆದು ಕೊಡ್ತೀಯಾ? ಕನ್ನಡದಲ್ಲಿ. ಸೀಲ್ ಬೇಕು.”

ಕಾಕ ನಮ್ಮ ಕಂಪನಿಯವರಲ್ಲ, ಅಂಥ ಕಾಗದ ಕೊಡುವ ಪದ್ಧತಿಯೂ ಇಲ್ಲ. ಇದ್ದರೆಷ್ಟು, ಬಿಟ್ಟರೆಷ್ಟು. ಲೆಟರ್‌ಹೆಡ್ ಎಳೆದುಕೊಂಡು ಕನ್ನಡದಲ್ಲಿ ಟೈಪು ಮಾಡಲು ಕುಳಿತೆ. ಏನೆಂದು ಬರೆಯಲಿ ಕಾಕ, ರಟ್ಟು ಕಟ್ಟುವವರೆಂದೇ ಎಂದು ಕೇಳಿದೆ. ಬೇಡ ಎಂದರು.

“ಕಟ್ಟುವವ ಅಂತ ಮಾತ್ರ ಬರಿ. ಬೀಡಿಗೂ ಅದೇ ಅಲ್ವಾ ಹೇಳುದು. ಉಮ್ಮನಿಗೆ ಗೊತ್ತಾಗ್ತದೆ.”

ನಮ್ಮೂರಿನಲ್ಲಿ ಬೀಡಿ ಕಟ್ಟುವವರು, ಹೂ ಕಟ್ಟುವವರು, ಮನೆ ಕಟ್ಟುವವರು, ವೇಷ ಕಟ್ಟುವವರು ಎಲ್ಲರನ್ನೂ ಕರೆಯುವ ಆ ಸಾದಾ ಮಾತು ನನ್ನ ಬಾಯಲ್ಲೇ ಇತ್ತು, ನಾನು ಅದನ್ನು ಊರಿಗೆ ಫೋನು ಮಾಡಿ ಹುಡುಕಿದ್ದೆ. ‘ಇವರು ಕಟ್ಟುವವರು. ನಮ್ಮ ಕಂಪನಿಯ ಪ್ರತಿಯೊಂದು ಪುಸ್ತಕವನ್ನೂ ಇವರೇ ಕಟ್ಟಿದ್ದಾರೆ. ಇವರು ಕಟ್ಟಿದ್ದು ಒಂದೂ ಬಿಚ್ಚಿಕೊಂಡಿಲ್ಲ’ ಎಂದು ಬರೆದೆ. ಮ್ಯಾನೇಜರ್ ಓದಲಾಗದ ಆ ಕಾಗದವನ್ನು ಹಿಡಿದುಕೊಂಡು ಅರ್ಥ ಕೇಳಿದರು. ಹೇಳಿದೆ. ಸಹಿ ಹಾಕಿ, ಸೀಲು ಒತ್ತಿ, ಕೆಳಗೆ ತಮ್ಮ ಕೈಯಾರೆ ಅರಬ್ಬಿಯಲ್ಲಿ ಒಂದು ಸಾಲು ಸೇರಿಸಿದರು: ಇವರು ಉಸ್ತಾದ್, ಎಂದರೆ ಕಸುಬಿನಲ್ಲಿ ಪಳಗಿದ ಗುರು. ಕಾಕ ಅದನ್ನು ಅಕ್ಷರ ಕೂಡಿಸಿ ಓದಿ ನಕ್ಕರು. ನಮ್ಮಲ್ಲಿ ಉಸ್ತಾದ್ ಅಂದರೆ ಮದ್ರಸದ ಗುರುಗಳು, ಉಮ್ಮ ನನ್ನಿಂದ ದಿನಾ ಕುರ್‌ಆನ್ ಓದಿಸಿಯಾರು ಎಂದರು. ನಗುತ್ತಲೇ ಕಣ್ಣೊರೆಸಿಕೊಂಡರು, ಆ ಉಗುರು ತಾಗದ ಹಾಗೆ, ಅಂಗೈಯ ಹಿಂಬದಿಯಿಂದ. ಅವರು ಹೋದ ಮೇಲೆ ಒಂದು ದಿನ ನಜ್ಮಾಕ್ಕೆ ಹೋಗಿ ಕಪಾಟಿನ ಬಾಗಿಲು ತೆರೆದು ನೋಡಿದೆ. ಖಾಲಿ ಜಾಗ ತುಂಬಿತ್ತು.

ಊರಿಗೆ ಹೋದ ಎರಡನೆಯ ವರ್ಷ ಕಾಕ ತೀರಿಕೊಂಡರು. ಸುದ್ದಿ ನನಗೆ ತಲುಪಿದ್ದು ತಡವಾಗಿ. ಮುಂದಿನ ರಜೆಯಲ್ಲಿ ವಿಳಾಸ ಹುಡುಕಿಕೊಂಡು ಅವರ ಮನೆಗೆ ಹೋದೆ. ಉಮ್ಮ ಇದ್ದರು. ತಲೆಗೆ ಹೊದ್ದ ಬಿಳಿ ತಟ್ಟದ ಅಂಚನ್ನು ಕಿವಿಯ ಹಿಂದೆ ಸಿಕ್ಕಿಸಿ, ಜಗಲಿಯಲ್ಲಿ ಕುಳಿತಿದ್ದರು. ಕತಾರಿನಿಂದ ಬಂದವಳೆಂದು ಹೇಳಿದ್ದೇ ಒಳಗೆ ಹೋಗಿ ಒಂದು ತೆಳ್ಳಗಿನ ಹಸಿರು ಪುಸ್ತಕ ತಂದು ನನ್ನ ಕೈಗಿಟ್ಟು, ಓದಲು ತುಳುವಿನಲ್ಲಿ ಹೇಳಿದರು. ಬಂದವರ ಕೈಯಲ್ಲೆಲ್ಲ ಓದಿಸುತ್ತಾರೆಂದು ಸೊಸೆ ನಕ್ಕಳು.

ತೆರೆಯಲು ಹೋದೆ. ಎಡಕ್ಕೆ ಬೆನ್ನಿಲ್ಲ. ಬಲಕ್ಕೂ ಇಲ್ಲ. ಎರಡು ರಟ್ಟಿನ ನಡುವೆ ಒಂದೇ ಒಂದು ಹಾಳೆ, ನಾನು ಟೈಪು ಮಾಡಿದ ಕಾಗದ. ಮೇಲೆ ಕನ್ನಡ, ಕೆಳಗೆ ಆ ಅರಬ್ಬಿ ಸಾಲು. ಎರಡಕ್ಕೂ ಅನ್ಯಾಯವಾಗದ ಹಾಗೆ ಕಾಕ ಅದನ್ನು ನೆತ್ತಿಯಲ್ಲಿ ಹೊಲಿದಿದ್ದರು.

ಓದಿದೆ. ಮುಗಿದ ಮೇಲೆ ಉಮ್ಮ ಪುಸ್ತಕವನ್ನು ಹಿಂದಕ್ಕೆ ತೆಗೆದುಕೊಂಡು, ಹೊಲಿಗೆಯ ಉದ್ದಕ್ಕೂ ಹೆಬ್ಬೆರಳು ಎಳೆದರು. ಅವರದೂ ಅದೇ ದಪ್ಪ, ಉದ್ದ ಉಗುರು. ನನಗೆ ಹುಡುಕಿದರೂ ಎಂದೂ ಕಾಣದ ಜಾಗದಲ್ಲಿ ಉಗುರು ನಿಂತಿತು.

“ಓದ್ಲಿಕ್ಕೆ ನನಗೆ ಬರುದಿಲ್ಲ ಮಗಳೇ. ಈ ಗಂಟು ನಾನೇ ಕಲಿಸಿದ್ದು.”